ರೆಂಟನ್‌ನಲ್ಲಿ ಪ್ರಾಂಪ್ಟಿಂಗ್ ಇಲ್ಲದ ಒಂದು ಅಡುಗೆಮನೆ

ಈಸ್ಟ್‌ಗೇಟ್

ಸಿಯಾಟಲ್ ಕಡೆ ನನ್ನ ಗುರುತು ಹಿಡಿದ ಮೊದಲ ವ್ಯಕ್ತಿಗೆ ಆರು ವರ್ಷ ಇರಬಹುದು. ಅಲ್ಲಿನ ಕನ್ನಡಿಗರು ಈಸ್ಟ್‌ಗೇಟ್ ಹತ್ತಿರದ ಒಂದು ಶಾಲೆಯ ಸಭಾಂಗಣದಲ್ಲಿ ಯುಗಾದಿ ಕಾರ್ಯಕ್ರಮ ಇಟ್ಟುಕೊಂಡಿದ್ದರು. ಧಾರಾವಾಹಿಯ ನಟಿ ಎಂದು ನನ್ನನ್ನು ಬೆಂಗಳೂರಿನಿಂದ ಕರೆಸಿದ್ದರು. ಬಾಗಿಲ ಬಳಿ ಅಜ್ಜಿಯ ಸೆರಗು ಹಿಡಿದು ನಿಂತಿದ್ದ ಹುಡುಗಿ ನನ್ನನ್ನು ಮೇಲಿಂದ ಕೆಳಗೆ ನೋಡಿ, "ಅಜ್ಜೀ, ದಿಸ್ ಈಸ್ ದ ಬ್ಯಾಡ್ ಒನ್" ಎಂದಿತು.

ಅಜ್ಜಿಗೆ ನಾಚಿಕೆಯಾಯಿತು. "ಹಾಗನ್ಬಾರ್ದು ಪುಟ್ಟಿ, ಆಂಟಿ ನಿಜವಾಗ್ಲೂ ಒಳ್ಳೇವ್ರು" ಎಂದವರು ನನ್ನ ಕಡೆ ತಿರುಗಿ, ದನಿ ತಗ್ಗಿಸಿ, "ಆದ್ರೂ ಆ ಸೊಸೆಗೆ ನೀವು ಅಷ್ಟು ಕಾಟ ಕೊಡ್ಬಾರ್ದಿತ್ತು" ಎಂದರು.

ನಾನು ಬಹಳ ವರ್ಷಗಳಿಂದ ಅತ್ತೆಯ ಪಾತ್ರ ಮಾಡುತ್ತ ಬಂದವಳು. ಧಾರಾವಾಹಿ ನೋಡುವವರಿಗೆ ಗೊತ್ತಿಲ್ಲದ ಒಂದು ಸಂಗತಿಯನ್ನು ಇಲ್ಲೇ ಹೇಳಿಬಿಡಬೇಕು, ಮುಂದಿನದೆಲ್ಲ ಅದರ ಮೇಲೆ ನಿಂತಿದೆ. ನಮ್ಮಲ್ಲಿ ಹೆಚ್ಚಿನವರಿಗೆ ಮಾತು ಬಾಯಿಪಾಠ ಇರುವುದಿಲ್ಲ. ಕ್ಯಾಮೆರಾದ ಪಕ್ಕದಲ್ಲಿ ನಿಂತ ಅಸಿಸ್ಟೆಂಟ್ ಒಂದೊಂದೇ ಸಾಲು ಗಟ್ಟಿಯಾಗಿ ಓದುತ್ತಾರೆ, ಅದನ್ನು ಕಿವಿಯಲ್ಲಿ ಹಿಡಿದು ನಾವು ಹೇಳುತ್ತೇವೆ. ಆಮೇಲೆ ಡಬ್ಬಿಂಗ್ ಆಗುವಾಗ ಓದಿದವರ ದನಿ ಅಳಿಸಿ ಹೋಗುತ್ತದೆ. ಇದಕ್ಕೆ ಪ್ರಾಂಪ್ಟಿಂಗ್ ಎನ್ನುತ್ತೇವೆ. ಎದುರಿನ ನಟ ತಡವರಿಸಿದರೆ, ತುಟಿ ಹೆಚ್ಚು ಅಲುಗಿಸದೆ ಅವನ ಸಾಲನ್ನು ನಾವೇ ಮೆಲ್ಲಗೆ ಹೇಳಿಕೊಡುತ್ತೇವೆ. ಸೆಟ್ಟಿನಲ್ಲಿ ಇದು ದೊಡ್ಡ ಸಹಾಯವೇನಲ್ಲ, ಪಂಕ್ತಿಯಲ್ಲಿ ಪಕ್ಕದವರ ಎಲೆಗೆ ಉಪ್ಪು ಸರಿಸಿದ ಹಾಗೆ.

ಕಾರ್ಯಕ್ರಮ ಮುಗಿದ ಮೇಲೆ ನನ್ನನ್ನು ಕರೆದುಕೊಂಡು ಹೋಗಲು ಫ್ಲೇವಿಯಾ ಬಂದಳು. ಮೈಸೂರಿನ ಹಾಸ್ಟೆಲಿನಲ್ಲಿ ನಾವಿಬ್ಬರೂ ಒಂದೇ ಕೋಣೆಯಲ್ಲಿದ್ದವರು. ಅವಳು ಮಂಗಳೂರಿನವಳು, ಈಗ ಅಲ್ಲೇ ಹತ್ತಿರದ ರೆಂಟನ್‌ನಲ್ಲಿ ಒಂದು ಗೋದಾಮಿನ ಅಕೌಂಟ್ಸ್ ನೋಡಿಕೊಳ್ಳುತ್ತಾಳೆ.

"ಒಂದು ವಾರ ನನ್ನಲ್ಲಿ ಇರು ಮಾರಾಯ್ತಿ" ಎಂದಳು ಕಾರು ಹತ್ತುವಾಗ. "ಈ ಜನ ನಿನ್ನನ್ನು ಮಾಲ್ ತೋರಿಸಿ ತೋರಿಸಿಯೇ ಕೊಲ್ತಾರೆ."

ರೆಂಟನ್

ಫ್ಲೇವಿಯಾ ಇರುವುದು ಮರದ ಹಳೆಯ ಅಪಾರ್ಟ್‌ಮೆಂಟಿನಲ್ಲಿ. ಮೆಟ್ಟಿಲುಗಳು ಕಟ್ಟಡದ ಹೊರಗಿವೆ. ಯಾರು ಹತ್ತಿದರೂ ಇಳಿದರೂ ಎಲ್ಲ ಮನೆಗಳಿಗೂ ಕೇಳಿಸುತ್ತದೆ. ಹತ್ತಿರದ ಕಾರ್ಖಾನೆಯಿಂದ ಹೊಸ ವಿಮಾನಗಳು ಮೊದಲ ಸಲ ಮೇಲೇಳುವಾಗ ಕಿಟಕಿಯ ಗಾಜು ಸಣ್ಣಗೆ ನಡುಗುತ್ತದೆ. ಅಲ್ಲಿ ಯಾರೂ ತಲೆ ಎತ್ತಿ ನೋಡುವುದಿಲ್ಲ. ನಾನು ಮಾತ್ರ ಪ್ರತಿ ಸಲ ಬಾಲ್ಕನಿಗೆ ಓಡುತ್ತಿದ್ದೆ.

ಮೇಲಿನ ಮನೆಯಲ್ಲಿ ಯಿಂಗ್ ಎಂಬ ಚೀನೀ ಹುಡುಗಿ. ಹುಡುಗಿ ಎಂದರೆ ಮೂವತ್ತೈದು ದಾಟಿದವಳು. ಸಿನಿಮಾ ನಿರ್ದೇಶಕಿ. ಅವಳ ತಂದೆ ಗಾವೊ ಊರಿನಿಂದ ಎರಡು ತಿಂಗಳ ಮಟ್ಟಿಗೆ ಬಂದಿದ್ದರು. ಥರ್ಮಾಸ್ ಫ್ಲಾಸ್ಕ್ ಮಾಡುವ ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದವರು, ಹೆಂಡತಿ ತೀರಿಕೊಂಡು ಬಹಳ ಕಾಲವಾಗಿತ್ತು. ಫ್ಲೇವಿಯಾ ಒಂದು ದಿನ ಅವರಿಗೆ ನೀರುದೋಸೆ ಕಳಿಸಿದ್ದಳಂತೆ. ಬೋಗುಣಿ ವಾಪಸು ಬರುವಾಗ ಅದರಲ್ಲಿ ನಮ್ಮ ಕಡುಬಿನ ತಂಗಿಯಂಥ ಜಾವೊಜಿ ಇತ್ತು. ಪಾತ್ರೆಯನ್ನು ಬರಿದಾಗಿ ಹಿಂದಿರುಗಿಸಬಾರದು ಎಂಬುದು ಅವರಲ್ಲೂ ಇದೆ. ಎರಡೂ ಕಡೆಯವರು ಮರ್ಯಾದಸ್ಥರಾದ್ದರಿಂದ ಆ ಬೋಗುಣಿ ಆವತ್ತಿನಿಂದ ಮೆಟ್ಟಿಲು ಹತ್ತಿ ಇಳಿಯುತ್ತಲೇ ಇತ್ತು.

ಯಿಂಗ್ ಅದನ್ನು ತನ್ನ ಹೊಸ ಸಿನಿಮಾಕ್ಕೆ ಸೇರಿಸಿಕೊಂಡಿದ್ದಳು. ಒಬ್ಬ ಅಪ್ಪ, ಒಬ್ಬಳು ಮಗಳು, ಬೋಗುಣಿ ತರುವ ನೆರೆಯಾಕೆ. ಅಪ್ಪನ ಪಾತ್ರ ಅವಳ ಅಪ್ಪನದೇ, ಮಗಳ ಪಾತ್ರ ಅವಳದೇ. ನೆರೆಯಾಕೆ ಫ್ಲೇವಿಯಾ ಆಗಬೇಕಿತ್ತು.

"ನನ್ನಿಂದ ಆಗುದಿಲ್ಲ" ಎಂದಳು ಫ್ಲೇವಿಯಾ. "ಕ್ಯಾಮೆರಾ ಕಂಡ ಕೂಡ್ಲೇ ನಗು ಬರ್ತದೆ. ನೀನು ಹೋಗು. ಆದ್ರೆ ಅಲ್ಲಿ ನಿನ್ನ ಧಾರಾವಾಹಿ ಬೊಬ್ಬೆ ಹಾಕ್ಬೇಡ, ಪಾಪ ಆ ಅಂಕಲ್ ಹೆದರ್ತಾರೆ."

ಹೀಗೆ ನಾನು ಒಂದು ಚೀನೀ ಸಿನಿಮಾದಲ್ಲಿ ನಟಿಸಿದೆ.

ಮೊದಲ ಶಾಟ್ ಬಾಗಿಲಿನದು. ನಾನು ತಟ್ಟಬೇಕು, ಗಾವೊ ತೆರೆಯಬೇಕು, ನಾನು ಎರಡು ಮಾತಾಡಿ ಬೋಗುಣಿ ಕೊಡಬೇಕು. ಯಾವ ಎರಡು ಮಾತು ಎಂದು ಯಿಂಗ್ ಹೇಳಿರಲಿಲ್ಲ. ಶಾಟ್ ಶುರುವಾದ ಮೇಲೆ ಯಾರಾದರೂ ಹೇಳುತ್ತಾರೆ ಎಂದುಕೊಂಡೆ. ಬಾಗಿಲು ತೆರೆಯಿತು. ಗಾವೊ ನನ್ನನ್ನು ನೋಡಿದರು. ನಾನು ಕಿವಿ ನಿಮಿರಿಸಿ ಕಾದೆ. ಪಕ್ಕದಲ್ಲಿ ಯಾರೂ ಏನೂ ಓದಲಿಲ್ಲ. ನಾನು ಇನ್ನೂ ಕಾದೆ. ಗಾವೊ ಒಮ್ಮೆ ಬೋಗುಣಿಯನ್ನು, ಒಮ್ಮೆ ನನ್ನ ಮುಖವನ್ನು ನೋಡಿ, ಮುಚ್ಚಳ ಸರಿಸಿ ಮೂಸಿದರು. ಅವರಿಗೆ ವಾಸನೆ ಹಿಡಿಸಿತು. ಬೋಗುಣಿ ತೆಗೆದುಕೊಂಡು ಒಳಗೆ ಹೋಗಿಬಿಟ್ಟರು. ನಾನು ತೆರೆದ ಬಾಗಿಲ ಮುಂದೆ ಬರಿಗೈಯಲ್ಲಿ ನಿಂತಿದ್ದೆ.

ಶಾಟ್ ಮುಗಿದಾಗ ಯಿಂಗ್ ಓಡಿಬಂದು ನನ್ನ ಎರಡೂ ಕೈ ಹಿಡಿದಳು. ಅವಳ ಇಂಗ್ಲಿಷನ್ನು ನಾನು ಇಲ್ಲಿ ನನ್ನ ಕನ್ನಡದಲ್ಲೇ ಬರೆಯುತ್ತಿದ್ದೇನೆ. "ಆಂಟಿ, ಎಷ್ಟು ಚೆನ್ನಾಗಿ ಸುಮ್ಮನಿದ್ರಿ" ಎಂದಳು.

ಹೊಗಳಿಕೆ ನನ್ನ ತಲೆಗೇರಿತು. ಎರಡನೇ ಶಾಟಿನಲ್ಲಿ ನಾನು ಕಲಿತದ್ದನ್ನೆಲ್ಲ ತೋರಿಸಿದೆ. ಹುಬ್ಬು ಮೇಲೆ ಹೋಯಿತು, ಕಣ್ಣು ಬಾಗಿಲಿನಿಂದ ಬೋಗುಣಿಗೆ, ಬೋಗುಣಿಯಿಂದ ಗಾವೊ ಅವರಿಗೆ ಹರಿಯಿತು, ಕೊನೆಯಲ್ಲಿ ಒಂದು ನಿಟ್ಟುಸಿರು. ಯಿಂಗ್ ಬಹಳ ಸೌಮ್ಯವಾಗಿ ಕೇಳಿದಳು:

"ಇದನ್ನ ಯಾರಿಗೆ ಹೇಳ್ತಿದೀರಿ ಆಂಟಿ?"

"ನೋಡೋರಿಗೆ."

"ಅವರು ಇಲ್ಲಿಲ್ವಲ್ಲ. ಇಲ್ಲಿ ಅಪ್ಪ ಇದಾರೆ."

ಓವರ್‌ಲೇಕ್

ಕ್ಯಾಮೆರಾ ಹಿಡಿಯುತ್ತಿದ್ದವಳು ಮೇ. ವಾರವಿಡೀ ಓವರ್‌ಲೇಕ್‌ನಲ್ಲಿ ಸಾಫ್ಟ್‌ವೇರ್ ಕೆಲಸ, ಶನಿವಾರ ಭಾನುವಾರ ಸಿನಿಮಾ. ಮನೆಯಲ್ಲಿ ಚೀನೀ ಭಾಷೆ ಆಡಿ ಬೆಳೆದ ಅಮೆರಿಕದ ಹುಡುಗಿ. ಒಂದು ಸಂಜೆ ಅವಳ ಮನೆಯ ಗೋಡೆಯ ಮೇಲೆ ಯಿಂಗ್ ಹಿಂದೆ ಊರಿನಲ್ಲಿ ಮಾಡಿದ್ದ ಒಂದು ಚಿತ್ರ ನೋಡಿದೆವು. ಗಾವೊ ಅವರೂ ಇದ್ದರು.

ಚಿತ್ರದಲ್ಲಿ ಒಬ್ಬ ಗಂಡಸು ನೂಡಲ್ಸ್ ತಿನ್ನುತ್ತಾನೆ. ಬಟ್ಟಲು ತುಂಬಿದ್ದಾಗ ಶುರುವಾದ ಶಾಟ್, ಅವನು ಬಟ್ಟಲೆತ್ತಿ ತಳದ ಸಾರು ಕುಡಿದು ಬಾಯಿ ಒರೆಸಿಕೊಳ್ಳುವ ತನಕ ಕತ್ತರಿಸಿಲ್ಲ. ಕ್ಯಾಮೆರಾ ಬೀದಿಯ ಆಚೆ ಎಲ್ಲೋ ಇದೆ. ನಡುವೆ ಸೈಕಲ್ಲು, ಜನ ಹಾದು ಹೋಗುತ್ತಾರೆ. ತಿನ್ನುತ್ತಿದ್ದವನು ಒಂದೇ ಒಂದು ಸಲ ಅಗಿಯುವುದನ್ನು ನಿಲ್ಲಿಸಿ, ಬಲಕ್ಕೆ ನೋಡಿ, ಮತ್ತೆ ಅಗಿಯತೊಡಗುತ್ತಾನೆ. ಅವನ ಕೆಲಸ ಹೋಗಿದೆ ಎಂದು ನಮಗೆ ತಿಳಿಯುವುದು ಆಮೇಲೆ. ಆದರೆ ಆ ನಿಂತ ದವಡೆ ನನಗೆ ಆಗಲೇ ಎಲ್ಲ ಹೇಳಿತ್ತು.

ಅವನು ಯಿಂಗ್‌ಳ ಸೋದರಮಾವನಂತೆ, ನಟನಲ್ಲ, ಕಸುಬಿನಲ್ಲಿ ಪೇಂಟರ್. ಅಲ್ಲಿ ತನ್ನ ಹಾಗೆ ಸ್ವಂತವಾಗಿ ಸಿನಿಮಾ ಮಾಡುವವರು ಹಲವರು ಹೀಗೇ ಮಾಡುತ್ತಾರೆ ಎಂದಳು ಯಿಂಗ್. ನಟರಿಗೆ ಕೊಡಲು ಹಣ ಇಲ್ಲ ಎಂದು ನೆಂಟರಿಷ್ಟರನ್ನು ಹಿಡಿಯುವುದರಿಂದ ಶುರುವಾಗುತ್ತದೆ, ಆಮೇಲೆ ನಟರು ಬೇಡ ಎನಿಸಿಬಿಡುತ್ತದೆ. ಮಾತು ಅವರವರ ಊರಿನ ಮಾತು. ಪಕ್ಕದ ಜಿಲ್ಲೆಯವರಿಗೂ ತೆರೆಯ ಕೆಳಗೆ ಅಕ್ಷರ ಹಾಕಬೇಕಾಗುತ್ತದೆ.

ನಾನು ನೋಡುತ್ತ ಕುಳಿತವಳು ನಮ್ಮ ಮನೆಯ ಒಂದು ಬೆಳಿಗ್ಗೆಯನ್ನು ನೆನೆದೆ. ಅಪ್ಪ ಹೋದರು ಎಂದು ಆಸ್ಪತ್ರೆಯಿಂದ ಸುದ್ದಿ ಬಂದಾಗ ಅಮ್ಮ ಅಡುಗೆಮನೆಯಲ್ಲಿದ್ದಳು. ಅವಳು ಕಿರುಚಲಿಲ್ಲ. ಕೈಯಲ್ಲಿದ್ದ ಸೌಟನ್ನು ತಟ್ಟೆಯ ಮೇಲಿಟ್ಟಳು, ಒಲೆ ಆರಿಸಿದಳು, ಹಾಲಿನ ಪಾತ್ರೆಗೆ ತಟ್ಟೆ ಮುಚ್ಚಿದಳು. ಆಮೇಲೆ ಕುಳಿತಳು. ವಿಧವೆಯಾಗುವ ದೃಶ್ಯವನ್ನು ನಾನು ಧಾರಾವಾಹಿಗಳಲ್ಲಿ ಎಷ್ಟೋ ಸಲ ಮಾಡಿದ್ದೇನೆ. ಒಂದು ಸಲವೂ ಒಲೆ ಆರಿಸಿಲ್ಲ.

ಗೋಡೆಯ ಮೇಲೆ ಗಾವೊ ಕೂಡ ಒಂದು ಕಡೆ ಬಂದು ಹೋದರು. ತಮ್ಮನ್ನು ತಾವು ಕಂಡು ಏನೋ ಹೇಳಿದರು, ಮೇ ನಕ್ಕಳು. "ವಯಸ್ಸಾದ ಹಾಗೆ ಕಾಣ್ತಿದೀನಿ, ಆದ್ರೆ ಆ ಜಾಕೆಟ್ ಚೆನ್ನಾಗಿದೆ, ಈಗೆಲ್ಲಿದೆ ಅದು, ಅಂತಿದಾರೆ."

ಅವರು ಮೇಯೊಂದಿಗೆ ಟೀ ಕುಡಿಯುತ್ತಿದ್ದಾಗ ನಾನೂ ಯಿಂಗೂ ಒಳಗೆ ಲೋಟ ತೊಳೆಯುತ್ತಿದ್ದೆವು. ಅವಳು ನೀರು ಬಿಟ್ಟುಕೊಂಡೇ ಮಾತಾಡಿದಳು. ಅಪ್ಪ ಭಾನುವಾರ ಊರಿಗೆ ಹೊರಡುತ್ತಾರೆ. ಬೇಸಿಗೆಯಲ್ಲಿ ಮಗಳೂ ವಾಪಸು ಬರುತ್ತಾಳೆ ಎಂದು ಅವರ ನಂಬಿಕೆ. ಅವಳ ಕೋಣೆಗೆ ಈಗಾಗಲೇ ಸುಣ್ಣ ಹೊಡೆಸಿದ್ದಾರೆ. ಅವಳು ವಾಪಸು ಹೋಗುವುದಿಲ್ಲ. ಅಲ್ಲಿ ಅವಳ ಚಿತ್ರಗಳನ್ನು ತೋರಿಸಲು ಜಾಗವಿಲ್ಲ, ಇಲ್ಲಿ ಒಂದು ಕಾಲೇಜಿನಲ್ಲಿ ಪಾಠ ಹೇಳುವ ಕೆಲಸ ಸಿಕ್ಕಿದೆ. ಎರಡು ತಿಂಗಳಿಂದ ಹೇಳಬೇಕೆಂದು ದಿನಾ ಬಾಯಿ ತೆರೆದು, ಪ್ರತಿ ಸಲ ಬೇರೆ ಏನೋ ಹೇಳಿದ್ದಾಳೆ.

"ಶನಿವಾರ ಅಡುಗೆಮನೆ ಸೀನ್ ಇದೆಯಲ್ಲ. ಅದರಲ್ಲಿ ಹೇಳ್ತೀನಿ" ಎಂದಳು.

ನನಗೆ ತಕ್ಷಣ ಅರ್ಥವಾಗಲಿಲ್ಲ. ಆದ ಮೇಲೆ ಕೈಯಲ್ಲಿದ್ದ ಲೋಟವನ್ನು ಕೆಳಗಿಟ್ಟೆ. "ಅವರಿಗೆ ಗೊತ್ತಿರಲ್ವಾ?"

"ಸೀನಿನಲ್ಲಿ ಮಗಳು ಹಾಗೆ ಹೇಳ್ತಾಳೆ ಅಂತ ಗೊತ್ತಿಲ್ಲ. ತಮ್ಮ ಕಡೇ ಸಾಲು ಮಾತ್ರ ಗೊತ್ತು."

"ಮೊದಲೇ ಹೇಳಮ್ಮ. ಇದು ಸರಿಯಲ್ಲ."

"ಮೊದಲೇ ಹೇಳಿದ್ರೆ ಅವರು ನಟಿಸ್ತಾರೆ" ಎಂದಳು. ನಲ್ಲಿ ನಿಲ್ಲಿಸಿದಳು. "ಅದು ಸುಳ್ಳು. ಕ್ಯಾಮೆರಾ ಇಲ್ದೆ ಇದ್ರೆ ನನಗೆ ಹೇಳೋಕೆ ಆಗಲ್ಲ" ಎಂದಳು.

ಅವಳನ್ನು ಬೈಯಲು ನನಗೆ ಬಾಯಿ ಬರಲಿಲ್ಲ. ಅಮ್ಮ ತೀರಿಕೊಂಡಾಗ ಮನೆಯಲ್ಲಿ ಬಾರದ ಅಳು ನನಗೆ ಬಂದದ್ದು ಸೆಟ್ಟಿನಲ್ಲಿ, ಯಾರದೋ ಅಮ್ಮನ ಫೋಟೋ ಮುಂದೆ.

ರೆಂಟನ್‌ಗೆ ಬಂದು ಫ್ಲೇವಿಯಾಗೆ ಹೇಳಿದೆ. ಅವಳು ಮೀನು ತೊಳೆಯುತ್ತಿದ್ದಳು.

"ನೀನು ನಡುವೆ ಬಾಯಿ ಹಾಕ್ಬೇಡ. ಅದು ಅಪ್ಪ ಮಗಳದ್ದು."

"ನೀನು ಇಲ್ಲೇ ಇರ್ತೀನಿ ಅಂತ ಮನೇಲಿ ಹೇಗೆ ಹೇಳಿದೆ?"

"ಫೋನಲ್ಲಿ. ಅಪ್ಪ ‘ಎಂತ? ಕೇಳುದಿಲ್ಲ’ ಅಂದ್ರು. ಇನ್ನೊಮ್ಮೆ ಹೇಳಿದೆ. ಆಗಲೂ ಕೇಳುದಿಲ್ಲ ಅಂದ್ರು." ಅವಳು ಚೂರಿಯನ್ನು ನಲ್ಲಿಯ ಕೆಳಗೆ ಹಿಡಿದಳು. "ಲೈನ್ ಸರಿ ಇತ್ತು."

ಮತ್ತೆ ರೆಂಟನ್

ಶನಿವಾರ ಮಧ್ಯಾಹ್ನ ಸಣ್ಣ ಮಳೆ. ಆ ಅರ್ಧ ಗಂಟೆಯನ್ನು ಕಂಡ ಹಾಗೆ, ಕಂಡ ಕ್ರಮದಲ್ಲೇ ಬರೆಯುತ್ತೇನೆ.

ಯಿಂಗ್‌ಳ ಅಡುಗೆಮನೆ ನಾಲ್ಕು ಜನ ಕುಳಿತರೆ ತುಂಬುವಂಥದು. ಮೇಜಿನ ಒಂದು ಕಡೆ ಗಾವೊ, ಎದುರಿಗೆ ಯಿಂಗ್, ತುದಿಯಲ್ಲಿ ನಾನು. ಕ್ಯಾಮೆರಾ ಹೊರಗಿನ ಕೋಣೆಯಲ್ಲಿತ್ತು, ಬಾಗಿಲ ಚೌಕಟ್ಟಿನ ಮೂಲಕ ನಮ್ಮನ್ನು ನೋಡುತ್ತಿತ್ತು. ಕಥೆಯಲ್ಲಿ ನಾನು ಬೋಗುಣಿ ಕೊಡಲು ಬಂದವಳು, ಕೂರಿಸಿ ತಟ್ಟೆ ಕೊಟ್ಟಿದ್ದಾರೆ, ಇಲ್ಲ ಎನ್ನಲಾಗದೆ ತಿನ್ನುತ್ತಿದ್ದೇನೆ. ಅಪ್ಪ ಮಗಳು ಜಾವೊಜಿ ಮಡಿಸುತ್ತಾರೆ. ಬೇಯಿಸಿದ ಕೆಲವು ಗಾವೊ ಅವರ ತಟ್ಟೆಯಲ್ಲೂ ಇದ್ದವು. ಕೊನೆಯಲ್ಲಿ ಅವರು ಮಗಳಿಗೆ "ತ್ವೋ ಛ್ರ ತಿಯೆನ್" ಎನ್ನಬೇಕು, ಇನ್ನೊಂಚೂರು ತಿನ್ನು ಎಂದು. ಅದು ಕೇಳಿದ ಕೂಡಲೆ ನಾನು ಏಳಬೇಕು. ಅದಕ್ಕಾಗಿ ಯಿಂಗ್ ಆ ಸಾಲನ್ನು ನನಗೂ ಬಾಯಿಪಾಠ ಮಾಡಿಸಿದ್ದಳು.

ಶಾಟ್ ಶುರುವಾಯಿತು. ಗಾವೊ ಹಿಟ್ಟಿನ ಹಾಳೆಯನ್ನು ಅಂಗೈಯಲ್ಲಿ ಇಟ್ಟುಕೊಂಡು, ಹೂರಣ ಇಟ್ಟು, ಅಂಚನ್ನು ಹೆಬ್ಬೆರಳಿನಿಂದ ಒತ್ತಿ ನೆರಿಗೆ ಹಾಕುತ್ತಿದ್ದರು. ಯಿಂಗ್ ಏನೋ ಕೇಳಿದಳು, ಅವರು ಏನೋ ಹೇಳಿದರು. ಮೊದಲೇ ಗೊತ್ತಿದ್ದ ಮಾತು, ನೆರೆಮನೆಯ ನಾಯಿಯ ಬಗ್ಗೆ. ಆಮೇಲೆ ಯಿಂಗ್ ಒಂದು ವಾಕ್ಯ ಹೇಳಿದಳು. ದನಿ ಏರಲಿಲ್ಲ, ಕೈ ನಿಲ್ಲಲಿಲ್ಲ. ಅವಳ ಕುತ್ತಿಗೆ ಕೆಂಪಾದದ್ದನ್ನು ಕಂಡು ಆ ವಾಕ್ಯ ಯಾವುದೆಂದು ನನಗೆ ತಿಳಿಯಿತು.

ಗಾವೊ ತಲೆ ಎತ್ತಲಿಲ್ಲ. ಮಡಿಸಿ ಮುಗಿದಿದ್ದ ಜಾವೊಜಿಯ ಅಂಚನ್ನು ಮತ್ತೆ ಒಂದು ತುದಿಯಿಂದ ಒತ್ತುತ್ತ ಬಂದರು. ಅದು ಮುಚ್ಚಿಯೇ ಇತ್ತು. ಇನ್ನೊಂದು ತುದಿಗೆ ಬಂದಾಗ ಹಿಟ್ಟು ಹರಿದು ಹೂರಣ ಹೊರಗೆ ಬಂತು. ಅದನ್ನು ಉಳಿದವುಗಳಿಂದ ದೂರ, ಮೇಜಿನ ಅಂಚಿಗೆ ಇಟ್ಟರು. ಕೈಗಳನ್ನು ಮೇಜಿನ ಮೇಲೆ ಇಟ್ಟುಕೊಂಡರು. ಫ್ರಿಜ್ಜು ಗುಂಯ್ ಎನ್ನುತ್ತಿತ್ತು.

ನನಗೆ ಎಲ್ಲ ಗೊತ್ತಿತ್ತು. ಅವರಿಗೆ ಏನಾಗುತ್ತಿದೆ ಎಂದು ಗೊತ್ತಿತ್ತು. ಆದರೂ ಆ ಮೌನ ಬೆಳೆಯುತ್ತಿದ್ದ ಹಾಗೆ ನನ್ನೊಳಗೆ ಎಷ್ಟೋ ವರ್ಷಗಳ ಸೆಟ್ಟು ಎದ್ದು ಕುಳಿತಿತು. ಪಾಪ, ಸಾಲು ಮರೆತಿದ್ದಾರೆ, ಯಾರೂ ಕೊಡುತ್ತಿಲ್ಲ ಎಂದು. ನಾನು ತುಟಿ ಹೆಚ್ಚು ಅಲುಗಿಸದೆ, ಮೆಲ್ಲಗೆ, ಅವರಿಗೆ ಮಾತ್ರ ಕೇಳಿಸುವಷ್ಟು ದನಿಯಲ್ಲಿ ಹೇಳಿಕೊಟ್ಟೆ:

"ತ್ವೋ ಛ್ರ ತಿಯೆನ್."

ಗಾವೊ ನನ್ನ ಕಡೆ ತಿರುಗಿದರು. ಆಗ ನನಗೆ ನಾನು ಮಾಡಿದ್ದು ಹೊಳೆಯಿತು. ಸಾಲನ್ನು ಹೇಳಿಕೊಡುವುದು ಎಂಬುದೇ ಅವರಿಗೆ ಗೊತ್ತಿಲ್ಲ. ಮೇಜಿನ ತುದಿಯಲ್ಲಿ ಕುಳಿತ ನೆರೆಮನೆಯ ಹೆಂಗಸು ಹರಕು ಚೀನೀ ಭಾಷೆಯಲ್ಲಿ ತನಗೆ, ಇನ್ನೊಂಚೂರು ತಿನ್ನಿ ಎಂದು ಹೇಳುತ್ತಿದ್ದಾಳೆ, ಅವರು ಕೇಳಿಸಿಕೊಂಡದ್ದು ಅಷ್ಟೇ. ಅವರ ಕಣ್ಣಿನಲ್ಲಿ ಬೇಸರವಿರಲಿಲ್ಲ. ಹಿರಿಯರು ಹೇಳಿದ ಮಾತಿಗೆ ಒಪ್ಪಿದ ಹಾಗೆ ತಲೆಯಾಡಿಸಿದರು. ಚಾಪ್‌ಸ್ಟಿಕ್ ತೆಗೆದುಕೊಂಡು, ತಟ್ಟೆಯಿಂದ ಒಂದು ಜಾವೊಜಿ ಎತ್ತಿ ಬಾಯಿಗಿಟ್ಟುಕೊಂಡರು. ಅಗಿದರು. ಬಹಳ ಹೊತ್ತು ಅಗಿದರು. ನುಂಗುವಾಗ ಕಣ್ಣು ಮುಚ್ಚಿದರು, ಕಣ್ಣಿನಿಂದ ನೀರು ಇಳಿಯಿತು. ಅದನ್ನು ಒರೆಸಲಿಲ್ಲ. ಇನ್ನೊಂದು ತೆಗೆದುಕೊಂಡು ತಿಂದರು.

ಆಮೇಲೆ ಮಗಳ ಕಡೆ ನೋಡಿ ಒಂದು ಸಣ್ಣ ಪ್ರಶ್ನೆ ಕೇಳಿದರು. ಅದು ಸೀನಿನಲ್ಲಿ ಇರಲಿಲ್ಲ. ಯಿಂಗ್ ಹಿಟ್ಟು ಮೆತ್ತಿದ ತನ್ನ ಬೆರಳುಗಳನ್ನೇ ನೋಡುತ್ತ ಒಂದೇ ಪದದ ಉತ್ತರ ಕೊಟ್ಟಳು. ಗಾವೊ ಇನ್ನೊಂದು ಮಾತು ಹೇಳಿದರು. ಯಿಂಗ್ ತಲೆಯೆತ್ತಿ ಬಾಗಿಲ ಕಡೆ, ಮೇ ಕಡೆ, ನೋಡಿದಳು.

ಮೇ ಕ್ಯಾಮೆರಾ ನಿಲ್ಲಿಸಿದಳು. ಎದ್ದು ಒಳಗೆ ಬಂದು ನನ್ನ ತೋಳು ಮುಟ್ಟಿದಳು. ನಾವಿಬ್ಬರೂ ಹೊರಗೆ ಬಂದು ಬಾಗಿಲು ಎಳೆದುಕೊಂಡೆವು.

ಮೆಟ್ಟಿಲ ಮೇಲೆ ಚಳಿ ಇತ್ತು. ಮೇ ಕಂಬಿ ಹಿಡಿದು ನಿಂತಿದ್ದಳು. "ಅಂಕಲ್ ಏನು ಕೇಳಿದ್ರು?" ಎಂದೆ.

"‘ಇದು ಸೀನಿಗೆ ಬರೆದಿದ್ದಾ, ನಿಜವಾಗ್ಲೂ ಇರೋದಾ?’ ಅಂದ್ರು. ಅವಳು ‘ಇರೋದು’ ಅಂದ್ಲು."

"ಆಮೇಲೆ?"

"‘ಹಾಗಾದ್ರೆ ಇನ್ನೊಂದ್ಸಲ ಹೇಳು. ಅವರನ್ನ ಹೊರಗೆ ಕಳಿಸಿ ಹೇಳು.’"

ನಾನು ಮಾಡಿದ ತಪ್ಪಿಗೆ ಮೇ ಹತ್ತಿರ ಕ್ಷಮೆ ಕೇಳಿದೆ, ಶಾಟ್ ಹಾಳಾಯಿತಲ್ಲ ಎಂದು. ಆ ಶಾಟನ್ನು ಯಿಂಗ್ ಸಿನಿಮಾದಲ್ಲಿ ಇಟ್ಟುಕೊಳ್ಳುತ್ತಾಳೋ ಇಲ್ಲವೋ ಆವತ್ತು ಮೇಗೂ ಗೊತ್ತಿರಲಿಲ್ಲ, ಇವತ್ತಿಗೂ ನನಗೆ ಗೊತ್ತಿಲ್ಲ.

ಕೆಳಗಿನ ಬಾಲ್ಕನಿಯಿಂದ ಫ್ಲೇವಿಯಾ ಕತ್ತು ಹೊರಗೆ ಹಾಕಿದಳು. "ಎಂತ, ಹೊರಗೆ ಹಾಕಿದ್ರಾ ನಿನ್ನನ್ನು? ಬೊಬ್ಬೆ ಹಾಕ್ಬೇಡ ಅಂತ ಹೇಳ್ಲಿಲ್ವಾ?" ನನ್ನ ಮುಖ ಕಂಡು ಅವಳು ಕಣ್ಣನ್ನು ನನ್ನ ಕಾಲಿನ ಕಡೆಗೆ ಇಳಿಸಿದಳು. ಆಮೇಲೆ ಕೇಳಿದಳು, "ಚಪ್ಪಲಿ ಎಲ್ಲಿ ಮಾರಾಯ್ತಿ?"

ಕೆಳಗೆ ನೋಡಿಕೊಂಡೆ. ಇಬ್ಬರೂ ಕಾಲುಚೀಲದಲ್ಲೇ ಬಂದುಬಿಟ್ಟಿದ್ದೆವು. ಒದ್ದೆ ಹಲಗೆಯ ಮೇಲೆ ನನ್ನವು ಆಗಲೇ ನೆನೆದಿದ್ದವು. ಬಾಗಿಲು ತಟ್ಟುವ ಹಾಗಿರಲಿಲ್ಲ.

ಎಷ್ಟು ಹೊತ್ತಾಯಿತೋ, ಬಾಗಿಲು ಒಂದು ಗೇಣಿನಷ್ಟು ತೆರೆಯಿತು. ಗಾವೊ ಅವರ ಕೈ ಕಾಣಿಸಿತು, ಮಣಿಕಟ್ಟಿನವರೆಗೆ ಹಿಟ್ಟು. ಮೇಯ ಶೂಗಳನ್ನು ಹೊರಗಿಟ್ಟರು. ನನ್ನ ಚಪ್ಪಲಿಗಳನ್ನು ಇಟ್ಟರು. ಅವು ಬಾಗಿಲ ಕಡೆಗೆ ಮುಖ ಮಾಡಿದ್ದವು. ಕೈ ಮತ್ತೆ ಹೊರಗೆ ಬಂದು, ನಾವು ಹಾಗೇ ಕಾಲಿಡಲು ಅನುಕೂಲವಾಗುವಂತೆ ಒಂದೊಂದನ್ನೇ ಮೆಟ್ಟಿಲ ಕಡೆಗೆ ತಿರುಗಿಸಿತು. ಮೇ ಏನೋ ಹೇಳಲು ಬಗ್ಗಿದಳು, ಅಷ್ಟರಲ್ಲಿ ಬಾಗಿಲು ಮೆಲ್ಲಗೆ ಮುಚ್ಚಿತ್ತು.

ಒಳಗಿನಿಂದ ಯಿಂಗ್‌ಳ ದನಿ ಕೇಳಿಸಿತು. ಆಮೇಲೆ ಅವರದು. ಮತ್ತೆ ಅವಳದು, ಈ ಸಲ ಉದ್ದಕ್ಕೆ. ನಾವು ಸದ್ದಾಗದಂತೆ ಮೆಟ್ಟಿಲು ಇಳಿದೆವು.